ಆಂಜೆಲಾ ಅಜ್ಜಿ ಬಾಗಿಲು ಕೇಳಿದ್ದು

ದೀಪ ಸ್ವಲ್ಪ ಸಣ್ಣ ಮಾಡಿ. ಇದು ಶಿರ್ವದಲ್ಲಿ, ನಮ್ಮ ನೆರೆಮನೆಯ ಡುಲ್ಸಿನ್‌ಗೆ ಆದದ್ದು. ಎಂಬತ್ತಮೂರರಲ್ಲಿ.

ಮಣಿಪಾಲದಿಂದ ಕೊನೆಯ ಬಸ್ಸಿನಲ್ಲಿ ಬಂದು ಇಳಿದಿದ್ದಳು. ಕತ್ತಲೆ. ಮಾವ ಹೆರಾಲ್ಡನ ಮನೆಗೆ ಹೋಗಬೇಕಾದರೆ ಹಳೆಯ ಬಾವಿ ದಾಟಲೇಬೇಕು.

ಡುಲ್ಸಿನ್ ಪುಣೆಯಲ್ಲಿ ಸಿನೆಮಾ ಕಲಿತವಳು. ಅವಳ ಸಾಕ್ಷ್ಯಚಿತ್ರದಲ್ಲಿ ಕತೆ ಇಲ್ಲ, ನಟರಿಲ್ಲ. ಒಂದು ಜಾಗ, ಅದರ ನೆನಪು, ಅಷ್ಟೇ. ಆ ಸಲ ಅವಳು ಹಿಡಿದದ್ದು ಅಜ್ಜಿ ಆಂಜೆಲಾಳ ಮನೆ. ಚಿಕ್ಕಂದಿನಲ್ಲಿ ಡುಲ್ಸಿನ್ ಬೆಳೆದ ಮನೆ. ಆದರೆ ಮನೆ ಎಲ್ಲಿತ್ತು? ಅಜ್ಜಿ ಮುಂಬಯಿ ಆಸ್ಪತ್ರೆಯಲ್ಲಿ ತೀರಿಕೊಂಡು ಅಲ್ಲಿಯೇ ಮಣ್ಣಾದಳು. ಆಮೇಲೆ ಹೆರಾಲ್ಡ್ ಕುವೈತಿನಿಂದ ಬಂದು ಆ ಮನೆಯನ್ನು ಕೆಡವಿಸಿ, ಪಕ್ಕದಲ್ಲಿ ತಾರಸಿ ಮನೆ ಕಟ್ಟಿಸಿದ. ಉಳಿದದ್ದು ಬಾವಿ, ಬೋಳು ನೆಲ. ಡುಲ್ಸಿನ್ ನೆನಪಿನಿಂದಲೇ ಆ ನೆಲದ ಮೇಲೆ ಸುಣ್ಣದ ಪುಡಿಯಲ್ಲಿ ಗೋಡೆಗಳ ಗೆರೆ ಎಳೆದಿದ್ದಳು, ಚಿತ್ರೀಕರಣಕ್ಕೆ. ಅಡುಗೆಮನೆ ಎಡಕ್ಕೋ ಬಲಕ್ಕೋ... ಅದೊಂದು ನೆನಪಾಗಲಿಲ್ಲ. ಗೆರೆ ಅಲ್ಲಿಗೇ ನಿಂತಿತ್ತು.

ಬಾವಿಯ ಹತ್ತಿರ ಬಂದಳು.

ಕಿರ್ರ್... ಕಿರ್ರ್...

ರಾಟೆ ತಿರುಗುವ ಸದ್ದು. ಪಂಪು ಬಂದ ಮೇಲೆ ರಾಟೆಯನ್ನೇ ತೆಗೆದಿದ್ದರಲ್ಲ!

"ಡುಲ್ಸಿ..."

ಬೆನ್ನ ಹಿಂದೆ. ಅಜ್ಜಿಯ ಸ್ವರ. ರಾತ್ರಿ ಮೊದಲ ಕರೆಗೆ ಓಗೊಡಬಾರದು ಅಂತ ಕಲಿಸಿದವಳೂ ಆ ಅಜ್ಜಿಯೇ. ಇವಳು ಉಸಿರೆತ್ತಲಿಲ್ಲ.

"ಡುಲ್ಸಿ, ಬಾಗಿಲು ಎಲ್ಲಿ ಮಗಾ? ಬಾವಿ ಉಂಟು. ಬಾಗಿಲು ಸಿಗುವುದಿಲ್ಲ..."

ಅತ್ತು ಅತ್ತು ಸೋತ ಸ್ವರ. ಮಾವನ ಮನೆಯ ದೀಪ ಕಾಣುತ್ತಿತ್ತು, ಓಡಬಹುದಿತ್ತು. ಓಡಲು ಮನಸ್ಸು ಬರಲಿಲ್ಲ.

"ಬಾ ಮಾಂಯ್," ಅಜ್ಜಿಯನ್ನು ಯಾವಾಗಲೂ ಕರೆಯುತ್ತಿದ್ದ ಹಾಗೆಯೇ ಪಿಸುಗುಟ್ಟಿದಳು. "ನನ್ನ ಹಿಂದೆಯೇ ಬಾ."

ಗೆರೆಯ ಒಳಗೆ ಕಾಲಿಟ್ಟಳು. "ಇಲ್ಲಿ ಬಾಗಿಲು. ಇದು ಚಾವಡಿ."

ಪಚ್... ಪಚ್... ಹಿಂದೆ ಒದ್ದೆ ಪಾದ. ಮಣ್ಣಿನ ಮೇಲಿನ ಸದ್ದಲ್ಲ ಅದು, ನುಣುಪು ಸಿಮೆಂಟಿನ ನೆಲದ್ದು.

"ಇದು ದೇವರ ಪೀಠ." ಹಿಂದೆ ಮೆಲ್ಲನೆ ಪ್ರಾರ್ಥನೆಯ ಗುಣುಗು.

ಗೆರೆ ಮುಗಿಯಿತು.

"ಮುಂದೆ ಎಂತ ಉಂಟು?"

"ನೆನಪಿಲ್ಲ ಮಾಂಯ್..."

"ನನಗೂ ಇಲ್ಲ." ತಣ್ಣನೆಯ ಉಸಿರು ಕುತ್ತಿಗೆಗೆ ತಾಗಿತು. "ನೀನೇ ಹೇಳಬೇಕು."

ಡುಲ್ಸಿನ್ ಕಣ್ಣು ಮುಚ್ಚಿದಳು. ಕಾಲು ಎತ್ತ ಹೋಗುತ್ತದೋ ಹೋಗಲಿ ಎಂದು ಬಿಟ್ಟಳು. ಕಾಲು ಎಡಕ್ಕೆ ತಿರುಗಿತು. ತಿರುಗಿ... ಕೆಳಗಿಳಿಯಿತು. ಸಮತಟ್ಟು ನೆಲದಲ್ಲಿ ಒಂದು ಮೆಟ್ಟಿಲು!

"ಮೆಟ್ಟಿಲು ಉಂಟು," ಎಂದಳು. "ಮೆಲ್ಲ ಇಳಿ."

"ಹಾಂ... ಇಲ್ಲಿಯೇ."

ಟಕ್. ಅಗುಳಿ ಬಿದ್ದ ಸದ್ದು. ಆಮೇಲೆ ಏನಿಲ್ಲ. ಕಣ್ಣು ಬಿಟ್ಟರೆ ಬೋಳು ನೆಲ. ಓಡಿದಳು. ಮಾವನ ಮನೆ ಸೇರಿ ಎಲ್ಲವನ್ನೂ ಹೇಳಿದಳು.

ಬೆಳಗಾದ ಮೇಲೆ ಹೆರಾಲ್ಡನ ಹೆಂಡತಿ ಎಸ್ತರ್ ಬಾಯಿ ಅವಳನ್ನು ಕರೆದುಕೊಂಡು ಅಲ್ಲಿಗೆ ಹೋದರು. ಡುಲ್ಸಿನ್ ಉಳಿದ ಜಾಗವನ್ನೆಲ್ಲ ಚಿತ್ರೀಕರಿಸಿದಳು. ಅಡುಗೆಮನೆಯ ಕಡೆಗೆ ಮಾತ್ರ ಕ್ಯಾಮೆರಾ ತಿರುಗಿಸಲಿಲ್ಲ.

ಸುಳ್ಳಲ್ಲ ಮಾರಾಯ್ರೆ. ಎಸ್ತರ್ ಬಾಯಿ ಈಗಲೂ ಇದ್ದಾರೆ, ಕೇಳಿ ಬೇಕಾದರೆ. ಆ ಅಡುಗೆಮನೆಯ ಜಾಗದಲ್ಲಿ, ನೆಲದ ಮೇಲೆ, ಗಂಜಿ ಉಣ್ಣಲು ಚಮಚದ ಹಾಗೆ ಮಡಚಿದ ಹಲಸಿನ ಎಲೆಯೊಂದು ಬಿದ್ದಿತ್ತಂತೆ. ಅವರೇ ಎತ್ತಿ ನೋಡಿದ್ದು. ಎಲೆಗೆ ಅಂಟಿದ್ದ ಗಂಜಿಯ ಅಗುಳು ಇನ್ನೂ ಬಿಸಿ ಇತ್ತು.