ಬಂಕಿನ ಮೊಳೆಗೆ ತೂಗುಹಾಕಿದ ಹೆಲ್ಮೆಟ್

ಒಂದು ಊರಿನಲ್ಲಿ ಒಬ್ಬ ಸಾಹುಕಾರನಿದ್ದ. ಹೊಲವಿತ್ತು, ಎಣ್ಣೆ ಮಿಲ್ಲಿತ್ತು, ಹೆದ್ದಾರಿಗೆ ಮುಖ ಮಾಡಿದ ಪೆಟ್ರೋಲ್ ಬಂಕ್ ಇತ್ತು. ಇಲ್ಲದ್ದು ಒಂದೇ. ಅವನಿಗೆ ಯಾರಿಗೂ ‘ಇಲ್ಲ’ ಎನ್ನಲು ಬರುತ್ತಿರಲಿಲ್ಲ. ಊರಿನವರು ಅದನ್ನು ದೊಡ್ಡ ಗುಣ ಎನ್ನುತ್ತಿದ್ದರು. ನೀವೂ ಎನ್ನುತ್ತಿದ್ದಿರಿ, ನಾನೂ ಎನ್ನುತ್ತಿದ್ದೆ.

ಒಮ್ಮೆ ಆ ಜಿಲ್ಲೆಯ ಅಧಿಕಾರಿ ಒಂದು ಆದೇಶ ಹೊರಡಿಸಿದರು. ಹೆಲ್ಮೆಟ್ ಇಲ್ಲದೆ ಬಂದವರಿಗೆ ಪೆಟ್ರೋಲ್ ಹಾಕಬಾರದು. ಯಾಕೆ? ದೊಡ್ಡಾಸ್ಪತ್ರೆಯಲ್ಲಿ ಜ್ವರ ಬಂದ ಕೂಸಿಗೆ ಮಂಚ ಸಿಗುತ್ತಿರಲಿಲ್ಲ. ಬಾಣಂತಿಗೆ ಸಿಗುತ್ತಿರಲಿಲ್ಲ. ಎಲ್ಲ ಮಂಚಗಳ ಮೇಲೂ ತಲೆ ಒಡೆದುಕೊಂಡವರು ಮಲಗಿದ್ದರು. ಆದೇಶದ ಹಿಂದೆ ಇದ್ದದ್ದು ಇಷ್ಟೇ. ಆದರೆ ಊರಿನವರು ಏನೆಂದರು? ‘ಸರ್ಕಾರಕ್ಕ ಬ್ಯಾರೆ ಉದ್ಯೋಗ ಇಲ್ಲ’ ಎಂದರು.

ಮೊದಲ ದಿನವೇ ಒಬ್ಬ ಬರಿದಲೆಯಲ್ಲಿ ಬಂದು ಕೈಮುಗಿದ. ಸಾಹುಕಾರನ ಕರುಳು ಕರಗಿತು. ತನ್ನ ಹೆಲ್ಮೆಟ್ಟನ್ನೇ ತೆಗೆದು ಅವನ ತಲೆಗಿಟ್ಟ. ಬಂಕಿನ ಕ್ಯಾಮೆರಾ ನೋಡಿತು, ಪೆಟ್ರೋಲ್ ಬಿತ್ತು, ಹೆಲ್ಮೆಟ್ ಹಿಂದಿನವನ ತಲೆಗೆ ಹೋಯಿತು. ಮರುದಿನ ಕಂಬಕ್ಕೆ ಒಂದು ಮೊಳೆ ಹೊಡೆಸಿ ಅದನ್ನು ಅಲ್ಲೇ ತೂಗುಹಾಕಿದ. ಬೇಸಿಗೆಯಲ್ಲಿ ದಾರಿಹೋಕರಿಗೆ ನೀರಿನ ಅರವಟ್ಟಿಗೆ ಇಡುತ್ತಾರಲ್ಲ, ಹಾಗೆ. ಬಂದವರೆಲ್ಲ ತೊಟ್ಟರು, ಹಾಕಿಸಿಕೊಂಡರು, ತೆಗೆದಿಟ್ಟು ಹೋದರು. ಊರಿಗೆಲ್ಲ ಒಂದೇ ಹೆಲ್ಮೆಟ್. ನಗಬೇಡಿ. ನೋಡಿ, ಅವನು ಅದನ್ನು ಧರ್ಮವೆಂದೇ ತಿಳಿದಿದ್ದ.

ಆ ಬಂಕಿಗೆ ಒಬ್ಬ ಆಶಾ ಕಾರ್ಯಕರ್ತೆ ಬರುತ್ತಿದ್ದಳು. ಹೆಗಲಿಗೆ ಲಸಿಕೆಯ ನೀಲಿ ಡಬ್ಬಿ, ಕೆಳಗೆ ಹಳೆಯ ಸ್ಕೂಟಿ. ಪೋಲಿಯೊ ಹನಿ ಹಾಕಿಸಿದರೆ ಮಗುವಿಗೆ ಕೆಡುಕಾಗುತ್ತದೆಂದು ಬಾಗಿಲು ಹಾಕಿಕೊಳ್ಳುತ್ತಿದ್ದ ಮನೆಗಳ ಮುಂದೆ ಕೂತು, ಹರಟೆ ಹೊಡೆದು, ಬಾಗಿಲು ತೆರೆಸಿದವಳು. ಔಷಧ ಕಳಿಸಿದ್ದು ಸರ್ಕಾರ. ಕೂಸಿನ ಬಾಯಿ ತೆರೆಸಿದ್ದು ಆಕೆ. ಸಾಹುಕಾರನ ಮೊಮ್ಮಗಳಿಗೂ ಆಕೆಯೇ ಹಾಕಿದ್ದಳು.

‘ಕೊಡ್ರಿ ಅಣ್ಣಾರ ನಿಮ್ಮ ಕಿರೀಟ, ಗಾಡಿ ಹಸದೈತಿ’ ಎನ್ನುತ್ತಿದ್ದಳು ಬಂದಾಗಲೆಲ್ಲ.

ಒಂದು ದಿನ ಬಿಸಿಲು ಜೋರಾಗಿತ್ತು. ಪೆಟ್ರೋಲ್ ಹಾಕಿಸಿಕೊಂಡವಳು ಹೆಲ್ಮೆಟ್ ತೆಗೆಯದೆ ನಿಂತಳು.

‘ಅಣ್ಣಾರ, ತಾಂಡಾಕ ಹೋಗಬೇಕು, ಬಿಸಲು ಭಾಳ ಐತಿ. ಇದನ್ನ ಹಾಕ್ಕೊಂಡ ಹೋಗ್ಲೇನ್ರಿ? ಸಂಜಿಕ ತಂದ ಕೊಡ್ತೀನಿ.’

ಸಾಹುಕಾರ ಹಿಂದೆ ನೋಡಿದ. ಗಾಡಿಗಳ ಸಾಲು.

‘ನೀ ಒಯ್ದ್ರ ಹೆಂಗ ತಂಗಿ? ಹಿಂದ ನೋಡು, ಎಷ್ಟ ಮಂದಿ ನಿಂತಾರ.’

‘ಹೌದ ಬಿಡ್ರಿ’ ಎಂದು ನಕ್ಕಳು. ‘ನನಗೊಬ್ಬಾಕಿಗೇ ತಲಿ ಐತೇನು.’

ತೆಗೆದು ಕೊಟ್ಟಳು. ಹೋದಳು.

ಕೇಳಿದಿರಾ? ಯಾರಿಗೂ ಇಲ್ಲ ಎನ್ನದ ಮನುಷ್ಯ ಆ ದಿನ ಇಲ್ಲ ಎಂದ. ಯಾರಿಗೆ? ಅದನ್ನು ನಿಜವಾಗಿ ತೊಟ್ಟು ಹೋಗುತ್ತೇನೆಂದ ಒಬ್ಬಳಿಗೆ.

ತಾಂಡಾದ ಹಾದಿಯಲ್ಲಿ ಯಾರೋ ಕಡಲೆಯ ಗಿಡಗಳನ್ನು ಡಾಂಬರಿನ ಮೇಲೆ ಹರವಿದ್ದರು. ಹೋಗಿಬರುವ ಗಾಡಿಗಳು ತುಳಿದು ಒಕ್ಕಣೆ ಮಾಡಲಿ ಎಂದು. ಸ್ಕೂಟಿ ಜಾರಿತು, ಬರಿದಲೆ ಡಾಂಬರಿಗೆ ಬಡಿಯಿತು. ಪುರಾಣದಲ್ಲಾದರೆ ಇಂಥ ಹೊತ್ತಿಗೆ ದೇವರು ಬರುತ್ತಾನೆ. ಇಲ್ಲಿ ಬಂದದ್ದು ಒಂದು ಟಂಟಂ ಆಟೊ. ಅದರ ಚಾಲಕ, ಪೊಲೀಸರು ಏನು ಕೇಳುತ್ತಾರೋ ಎಂದು ಯೋಚಿಸುತ್ತ ನಿಲ್ಲಲಿಲ್ಲ. ಮಲಗಿಸಿಕೊಂಡು ಆಸ್ಪತ್ರೆಗೆ ಓಡಿಸಿದ. ಅದಕ್ಕೇ ಆಕೆ ಉಳಿದಳು.

ಉಳಿದಳು ನಿಜ. ಹೇಗೆ? ಎಡಗೈ ಮಾತು ಕೇಳಲಿಲ್ಲ. ಮಾತು ನಡುವೆ ತಪ್ಪಿಸಿಕೊಂಡು ಹೋಗುತ್ತಿತ್ತು. ಮನೆಗೆ ಬಂದ ಮೇಲೆ ಆಕೆಯ ಗಂಡ ಪಕ್ಕದಲ್ಲಿ ಕೂತು ಮಗಳ ಹೆಸರನ್ನು ಹೇಳಿಕೊಡುತ್ತಿದ್ದ. ಮಗಳೇ ಎದುರಿಗೆ ಕೂತು, ತನ್ನ ಹೆಸರನ್ನು ಅವ್ವ ಯಾವಾಗ ಹೇಳುತ್ತಾಳೋ ಎಂದು ಆಕೆಯ ತುಟಿಯನ್ನೇ ನೋಡುತ್ತಿದ್ದಳು.

ಸಾಹುಕಾರ ನೋಡಲು ಹೋದ. ಹಣ್ಣು ಒಯ್ದಿದ್ದ, ಎಲ್ಲಿಡಬೇಕೆಂದು ತಿಳಿಯಲಿಲ್ಲ. ಆ ದಿನದ್ದು ಆಕೆಗೆ ನೆನಪಿದೆಯೋ ಇಲ್ಲವೋ ಎಂಬುದೂ ತಿಳಿಯಲಿಲ್ಲ. ಸುಮ್ಮನೆ ಎದ್ದು ಬರಬಹುದಿತ್ತು. ಬರಲಿಲ್ಲ.

‘ತಂಗಿ, ನೀ ಕೇಳಿದ್ದಿ. ನಾ ಕೊಡಲಿಲ್ಲ.’

ಆಕೆ ಬಹಳ ಹೊತ್ತು ಮಾತು ಹುಡುಕಿದಳು. ಒಂದೊಂದೇ ಬಂತು.

‘ಹಿಂದ... ಮಂದಿ ನಿಂತಿದ್ರಲ್ರಿ ಅಣ್ಣಾರ.’

ಬೈದಿದ್ದರೆ ಅವನು ತಡೆದುಕೊಳ್ಳುತ್ತಿದ್ದ. ಆಕೆ ಅವನ ಪರ ವಹಿಸಿದಳು. ಅವನು ಹೊಸ್ತಿಲ ಮೇಲೆ ಕೂತು ಅತ್ತ.

ಮರುದಿನ ಮೊಳೆ ಕೀಳಿಸಿದ. ಮೊದಲು ಬಂದವರು ಯಾರು? ಅವನ ಬೀಗರು, ಬರಿದಲೆಯಲ್ಲಿ.

‘ಏನ್ರಿ ಬೀಗರ, ನನಗೂ ಇಲ್ಲಂತೀರೇನು? ಮಗಳನ್ನ ಕೊಟ್ಟೀನಿ ನಿಮ್ಮನಿಗೆ.’

‘ಅದಕ್ಕ ಇಲ್ಲ ಅನ್ನಾಕತ್ತೀನ್ರಿ. ಗಾಡಿ ಇಲ್ಲೇ ಇರ್ಲಿ. ನಮ್ಮ ಕಾರಿನ್ಯಾಗ ಮನಿಗೆ ಹೋಗಿ ಹೆಲ್ಮೆಟ್ ತೊಗೊಂಡ ಬರ್ರಿ. ಚಾ ಕುಡದ ಹೋಗ್ರಿ.’

‘ನಿಮ್ಮ ಚಾ ನೀವ ಕುಡೀರಿ’ ಎಂದು ಅವರು ಗಾಡಿ ತಳ್ಳಿಕೊಂಡು ಹೋದರು. ಊರು ಹೇಳಿತು: ಸಾಹುಕಾರ ಸಣ್ಣವನಾದ. ಅವನು ಪ್ರತಿಯೊಬ್ಬನಿಗೂ ಕೈಮುಗಿದು, ಪ್ರತಿಯೊಬ್ಬನಿಗೂ ಇಲ್ಲ ಎಂದ. ಕೈಮುಗಿದು ಇಲ್ಲ ಎನ್ನುವುದನ್ನು ಆ ವಯಸ್ಸಿನಲ್ಲಿ ಕಲಿತ.

ಈಗ ನಿಮ್ಮ ಕಡೆ ಬರುತ್ತೇನೆ. ಸರ್ಕಾರ ಆದೇಶ ಬರೆಯಬಹುದು. ಆದೇಶ ನಮ್ಮ ಗದ್ದದ ಕೆಳಗೆ ಬಂದು ತಾನೇ ಪಟ್ಟಿ ಬಿಗಿಯುವುದಿಲ್ಲ. ಎದುರಿಗೆ ಬರುವವನಿಗೆ ಲೈಟ್ ಮಿಣುಕಿಸಿ, ‘ಮುಂದೆ ಪೊಲೀಸರಿದ್ದಾರೆ’ ಎನ್ನುತ್ತೀರಲ್ಲ, ಅದು ಉಪಕಾರವೇ? ಯಾರಿಂದ ಕಾಪಾಡಿದಿರಿ ಅವನನ್ನು? ಅದನ್ನು ಬಿಡಿ. ಒಕ್ಕಣೆಯನ್ನು ಕಣದಲ್ಲಿ ಮಾಡಿ. ಕಣವಿಲ್ಲದಿದ್ದರೆ ಗ್ರಾಮಸಭೆಯಲ್ಲಿ ಎದ್ದು ನಿಂತು ಕಣ ಕೇಳಿ, ಕತ್ತಲ ತಿರುವಿಗೆ ದೀಪ ಕೇಳಿ, ಸಿಗುವವರೆಗೂ ಕೇಳಿ. ಸರ್ಕಾರಕ್ಕೂ ಅದರ ಕೆಲಸ ನೆನಪಿಸಬೇಕು. ಬಿದ್ದವರನ್ನು ಕಂಡರೆ ಮೊಬೈಲ್ ಎತ್ತಿ ವಿಡಿಯೊ ಮಾಡಬೇಡಿ, ಆಂಬುಲೆನ್ಸಿಗೆ ಕರೆ ಮಾಡಿ.

ಇನ್ನು ಮನೆಯ ಮಾತು. ನಾಳೆ ಬೆಳಿಗ್ಗೆ ನಿಮ್ಮ ಮಗಳು ಸ್ಕೂಟಿಯ ಕೀಲಿ ಕೇಳುತ್ತಾಳೆ. ‘ಇಲ್ಲೇ ಹತ್ತಿರ, ಅಪ್ಪಾ’ ಎನ್ನುತ್ತಾಳೆ. ಕೂದಲು ಕೆಡುತ್ತದೆ ಎನ್ನುತ್ತಾಳೆ. ಆಕೆ ಪಟ್ಟಿ ಬಿಗಿಯುವವರೆಗೆ ಕೀಲಿ ನಿಮ್ಮ ಮುಷ್ಟಿಯಲ್ಲೇ ಇರಲಿ. ಆಕೆಗೆ ಸಿಟ್ಟು ಬರುತ್ತದೆ, ಬರಲಿ. ಸಂಜೆ ಮನೆಗೆ ಬಂದು, ನಿಮ್ಮ ಜೊತೆ ಮಾತು ಬಿಟ್ಟು, ಮುಖ ಊದಿಸಿಕೊಂಡು ಕೂರುತ್ತಾಳಲ್ಲ, ಆಗ ಏನೂ ಹೇಳಬೇಡಿ. ಎದ್ದು ಹೋಗಿ ಆಕೆಗೆ ಊಟಕ್ಕೆ ಬಡಿಸಿ.