ಏರದ ಕಂತು

ಬ್ಯಾಂಕಿನಲ್ಲಿ ಸಾಲದ ಅಧಿಕಾರಿಯ ಕೋಣೆಯೆದುರು ಬೆಂಚಿನ ಮೇಲೆ ಕೂತಿದ್ದೆ. ಪಕ್ಕದಲ್ಲಿ ಖಾಕಿ ಅಂಗಿಯ ಬಸ್ ಡ್ರೈವರ್, ಅವರಾಚೆ ಅವರ ಹೆಂಡತಿ. ಮೊದಲು ಕೇಳಿಸಿದ್ದು ಆಕೆಯ ಮಾತು.

“ಬಡ್ಡಿ ಜಾಸ್ತಿಯಾಗಿ ನಮ್ಮಕ್ಕನ ಮನೇಲಿ ಬಾಯಿ ಬಡ್ಕೊಳ್ತಿದಾರೆ. ನಮ್ಮ ಕಂತು ಮಾತ್ರ ಯಾಕೆ ಏರ್ಲಿಲ್ಲ?”

“ಏರ್ಲಿಲ್ಲ ಅಂತ ಖುಷಿಪಡೋದು ಬಿಟ್ಟು ಅದಕ್ಕೂ ಅನುಮಾನನಾ?”

“ಮ್ಯಾನೇಜರ್ ಏನು ನಿಮ್ಮ ಸೋದರಮಾವನಾ, ಸುಮ್ನೆ ಬಿಡೋಕೆ?”

“ಮೆಸೇಜ್ ಬಂದಿತ್ತು ಮಾರಾಯ್ತಿ. ಕಂತಿನಲ್ಲಿ ಬದಲಾವಣೆ ಇಲ್ಲ ಅಂತ.”

“ಪೂರ್ತಿ ಓದಿದ್ರಾ?”

“ಅಷ್ಟು ಓದಿದೆ. ನೆಮ್ಮದಿಯಾಯ್ತು.”

“ಕೊಡಿ ಇಲ್ಲಿ ಫೋನು.”

ಆಕೆ ಮೆಸೇಜನ್ನು ಕೊನೆಯವರೆಗೂ ಓದಿದರು.

“ಉಳಿದ ಅವಧಿ ಇಪ್ಪತ್ತೊಂದು ವರ್ಷ ಅಂತಿದೆ. ನಾವು ಸಾಲ ತಗೊಂಡಿದ್ದೇ ಇಪ್ಪತ್ತು ವರ್ಷಕ್ಕೆ. ಆರು ವರ್ಷ ಕಟ್ಟಾಗಿದೆ.”

“ಏನೋ ತಪ್ಪಾಗಿರ್ಬೇಕು.”

“ತಪ್ಪಲ್ಲ. ಏರಿದ ಬಡ್ಡೀನ ಕಂತಿಗೆ ಹಾಕದೆ ವರ್ಷಕ್ಕೆ ಹಾಕಿದಾರೆ. ನಿಮಗೆ ರಿಟೈರ್ ಆಗೋಕೆ ಇನ್ನೆಷ್ಟು ವರ್ಷ?”

“ಹನ್ನೆರಡು.”

“ಆಮೇಲಿನ ಒಂಬತ್ತು ವರ್ಷ?”

ಡ್ರೈವರ್ ಅಂಗಿಯ ಮೇಲಿನ ಗುಂಡಿ ಹಾಕಿಕೊಂಡರು, ಮತ್ತೆ ಬಿಚ್ಚಿದರು.

ಅಷ್ಟರಲ್ಲಿ ಅಧಿಕಾರಿ ತಾವೇ ಬಾಗಿಲು ತೆರೆದು ನಗುತ್ತ ನಿಂತರು.

“ಬನ್ನಿ ಸರ್, ಬನ್ನಿ ಮೇಡಂ. ಕಾಫಿ ತರಿಸ್ಲಾ?”

ಡ್ರೈವರ್ ಹೂಂ ಎಂಬಂತೆ ತಲೆಯಾಡಿಸುತ್ತ ಎದ್ದರು. ಆಕೆ ಅವರ ತೋಳು ಹಿಡಿದು, ನನಗೂ ಕೇಳಿಸುವಷ್ಟು ಮೆಲ್ಲಗೆ ಹೇಳಿದರು:

“ಕಾಫಿ ಬೇಡ ಅನ್ನಿ. ಅದನ್ನ ಎಷ್ಟು ವರ್ಷ ಕಟ್ಟಿಸ್ಕೊಳ್ತಾರೋ.”

ಇಬ್ಬರೂ ಒಳಗೆ ಹೋದರು.