ಆಡು ಎಂದವನು ನಾನು

ವೇದಿಕೆಯ ಮೇಲಿರುವ ಅಧ್ಯಕ್ಷರೇ, ಅತಿಥಿಗಳೇ, ಪೀಣ್ಯದ ಕಾರ್ಖಾನೆಗಳಿಂದ ಶಿಫ್ಟ್ ಮುಗಿಸಿ ನೇರವಾಗಿ ಬಂದು ಕುಳಿತಿರುವ ಸಭಿಕರೇ,

ಫಿಟ್ಟರ್ ಕೆಲಸ ಬಿಟ್ಟು ಇಪ್ಪತ್ತೆರಡು ವರ್ಷ ಬೇಸ್‌ಬಾಲ್ ಅಂಪೈರ್ ಆಗಿ ದುಡಿದ ಈ ಲಕ್ಷ್ಮಣಪ್ಪನನ್ನು ಬೀಳ್ಕೊಡಲು ಇಷ್ಟು ಜನ ಸೇರಿದ್ದೀರಿ. ಸಂತೋಷ. ನಮ್ಮ ಮನೆಯವರು ಇಂದಿಗೂ ನಾನು ಕ್ರಿಕೆಟ್ ಅಂಪೈರ್ ಎಂದೇ ನೆಂಟರಿಗೆ ಹೇಳುತ್ತಾರೆ. ನಾನೂ ಸುಮ್ಮನಿದ್ದೇನೆ.

ಅಧ್ಯಕ್ಷರು ನನ್ನನ್ನು ನಿಷ್ಠುರ ಮನುಷ್ಯ ಎಂದರು. ಯಾರ ಮುಲಾಜಿಗೂ ಬಗ್ಗದವನು ಎಂದರು. ಹೌದೇ?

ಮೂರು ವರ್ಷದ ಹಿಂದಿನ ಫೈನಲ್ ಪಂದ್ಯವನ್ನು ನಿಮ್ಮಲ್ಲಿ ಹಲವರು ನೋಡಿದ್ದೀರಿ. ವೀರೇಶ್ ಬ್ಯಾಟ್ ಹಿಡಿದು ಬಂದ. ಕೊಪ್ಪಳದ ಕಡೆಯವನು, ಲೇತ್ ಆಪರೇಟರ್, ನಾಗಸಂದ್ರದಲ್ಲಿ ಬಾಡಿಗೆ ಮನೆ, ಮದುವೆಯಾಗಿ ಎರಡು ವರ್ಷ. ಅವರ ತಂಡದ ಹೆಲ್ಮೆಟ್ ಆಗಷ್ಟೇ ಒಡೆದಿತ್ತು. ಹೆಲ್ಮೆಟ್ ಇಲ್ಲದೆ ಬ್ಯಾಟ್ ಹಿಡಿಯಕೂಡದು, ಅದು ನಿಯಮ. ಇನ್ನೊಂದು ಹೆಲ್ಮೆಟ್ ಅವರ ಕಾರ್ಖಾನೆಯಲ್ಲಿತ್ತು, ತರಲು ಇಪ್ಪತ್ತು ನಿಮಿಷ. ಮುಖ್ಯ ಅತಿಥಿಗಳಿಗೆ ಹೊರಡುವ ಅವಸರ. ಸಂಘಟಕರು ಎರಡು ಸಲ ಗಡಿಯಾರ ತೋರಿಸಿದರು.

"ಆಡ್ಲೇನ್ರಿ ಸರ್?" ಎಂದು ವೀರೇಶ್ ನನ್ನನ್ನೇ ಕೇಳಿದ.

ನಾನು ಆಡು ಎಂದು ಕೈ ತೋರಿಸಿದೆ.

ಮೂರನೆಯ ಎಸೆತ ಕಿವಿಯ ಹಿಂದೆ ಬಡಿಯಿತು. ಮೈಗೆ ಚೆಂಡು ಬಡಿದವನಿಗೆ, ಓಡಿ ಮುಟ್ಟಬೇಕಾದ ಮೊದಲ ಬೇಸ್ ಪುಕ್ಕಟೆ ಸಿಗುತ್ತದೆ. ಅದು ಅವನಿಗೆ ಗೊತ್ತಿತ್ತು. ಆ ಕಡೆಗೆ ನಾಲ್ಕು ಹೆಜ್ಜೆ ನಡೆದ. ಆಮೇಲೆ ಕುಸಿದ. ಒಂಬತ್ತನೆಯ ದಿನ ತೀರಿಕೊಂಡ.

ಎಚ್ಚರಿಸಿದರೂ ಆಟಗಾರ ಕೇಳಲಿಲ್ಲ ಎಂದು ಪೊಲೀಸ್ ವಿಚಾರಣೆಯಲ್ಲಿ ಹೇಳಿಕೆ ಕೊಟ್ಟೆ. ಸಂಘಟಕರು ಬರೆದುಕೊಟ್ಟ ವಾಕ್ಯ ಎನ್ನಬಹುದು. ಸಹಿ ನನ್ನದು. ಆಮೇಲೂ ಅರವತ್ತು ಪಂದ್ಯ ನಡೆಸಿದೆ. ಹೆಲ್ಮೆಟ್ ಇಲ್ಲದವರನ್ನು ಗದರಿ ಹೊರಗೆ ಕಳಿಸಿದೆ. ಈ ನಿಷ್ಠುರ ಎಂಬ ಹೆಸರು ಬಂದದ್ದು ಅದರಿಂದಲೇ.

ಕಳೆದ ಭಾನುವಾರ ವೀರೇಶನ ಹೆಂಡತಿ ಭಾಗ್ಯಶ್ರೀಯ ಮನೆಗೆ ಹೋದೆ. ಗಾರ್ಮೆಂಟ್ಸ್ ಕೆಲಸ ಹಿಡಿದು ಈಗ ಬೊಮ್ಮನಹಳ್ಳಿಯಲ್ಲಿದ್ದಾರೆ. ಈ ಸಮಾರಂಭಕ್ಕೆ ಕರೆಯಲು ಹೋಗುತ್ತಿದ್ದೇನೆ ಎಂದುಕೊಂಡಿದ್ದೆ. ಕುರ್ಚಿ ಕೊಟ್ಟರು, ನೀರು ಕೊಟ್ಟರು. ಆಮೇಲೆ ಒಂದೇ ಮಾತು ಕೇಳಿದರು:

"ಮನ್ಯಾಗ ನನ್ನ ಮಾತ ಯಾವತ್ತೂ ಮೀರಿದವ್ರಲ್ಲ. ನಿಮ್ಮ ಮಾತ ಹೆಂಗ ಮೀರಿದ್ರು, ಸರ್?"

ಲೋಟ ಕೆಳಗಿಟ್ಟು ಎದ್ದು ಬಂದೆ. ಅಲ್ಲಿ ಹೇಳಲಾಗದ್ದನ್ನು ಇಲ್ಲಿ ಹೇಳುತ್ತೇನೆ: ವೀರೇಶ್ ಮೀರಲಿಲ್ಲ. ಅವನು ಕೇಳಿದ, ನಾನು ಆಡು ಎಂದೆ.

ಸಂಘಟಕರು ಮೈಕಿನ ಕಡೆ ಬರುತ್ತಿದ್ದಾರೆ. ಇಷ್ಟು ಹೊತ್ತು ಕೂತು ಕೇಳಿದ್ದೀರಿ, ನಿಮ್ಮೆಲ್ಲರಿಗೂ ಕೃತಜ್ಞ. ನಾಳೆ ಠಾಣೆಗೆ ಹೋಗಿ ಇದನ್ನೇ ಬರೆದುಕೊಡುತ್ತೇನೆ. ಅಂದು ಮೈದಾನದಲ್ಲಿದ್ದವರು ಯಾರಾದರೂ ಸಾಕ್ಷಿ ಹೇಳುವುದಾದರೆ ಹತ್ತು ಗಂಟೆಗೆ ಬನ್ನಿ. ನಮಸ್ಕಾರ.